ಎಳ್ಳಮಾಸಿಗಿ ಹುಟ್ಟಿದ್ದಕ್ಕ ಸಾಕ್ಷಿ ಯಾರು?

ಜೂನ್ ಒಂದು ಬಂತಂದ್ರ ನಮ್ಮ ಆಳಂದ ಕೋರ್ಟಿನ ವಕೀಲರ ಕೋಣ್ಯಾಗ ಒಬ್ಬರಿಗೊಬ್ಬರು ಪೇಡೆ ತಿನಿಸೋದೇ ಕೆಲಸ. ಅರ್ಧಕ್ಕರ್ಧ ಮಂದಿ ಅವತ್ತೇ ಹುಟ್ಟಿದವ್ರು, ನಾನೂ ಅದರಾಗ ಒಬ್ಬ. ಸಾಲಿ ದಾಖಲೆದಾಗಿನ ಹುಟ್ಟಿದ ತಾರೀಖು ತಿದ್ದಿಸೋ ದಾವೆ ನಡೆಸಿ ನಡೆಸಿ ನನ್ನ ಕೂದಲ ಬೆಳ್ಳಗಾಗ್ಯಾವ. ಹಂಗಾಗಿ ಇಂಥಾ ಫಜೀತಿ ನನಗ ವಾರಕ್ಕೊಂದು.

೧. ಕಿವಿ ಮುಟ್ಟಿದವ್ರು

ಒಂದು ದಾವೆದಾಗ ಜೇವರ್ಗಿ ಕಡೆಯ ರಿಟೈರ್ಡ್ ಹೆಡ್‌ಮಾಸ್ತರರನ್ನ ಸಾಕ್ಷಿಗೆ ಕರಿಸಿದ್ದೆ.

"ಈ ಹುಡುಗನ ವಯಸ್ಸು ಹೆಂಗ ಗೊತ್ತಾತ್ರಿ?" ಅಂತ ಕೇಳಿದೆ.

"ಬಲಗೈ ತಲಿ ಮ್ಯಾಲ ಹಾಯಿಸಿ ಎಡಗಿವಿ ಮುಟ್ಟಿದ್ನರಿ. ಆರು ವರ್ಷ ಅಂತ ಬರಕೊಂಡೆ."

"ತಾರೀಖು?"

"ಸಾಲಿ ಚಾಲೂ ಆಗೋದು ಜೂನ್ ಒಂದಕ್ಕಲ್ರಿ. ಎಲ್ಲಾರಿಗೂ ಅದನ್ನೇ ಬರದೀನಿ, ಭೇದಭಾವ ಮಾಡಿಲ್ಲ."

ನ್ಯಾಯಾಧೀಶರು ನಗು ತಡಕೊಂಡು, "ನಿಮ್ಮ ಜನ್ಮ ದಿನಾಂಕ?" ಅಂದ್ರು.

"ಜೂನ್ ಒಂದೇ ರೀ ಸಾಹೇಬ್ರ. ನಮ್ಮ ಮಾಸ್ತರ್ರೂ ಭೇದ ಮಾಡಿಲ್ಲ."

೨. ನಾಕು ತಿಂಗಳ ಅಂತರ

ಅಫಜಲಪುರದ ಒಂದು ಹುಡುಗಿಗೆ ನರ್ಸ್ ನೌಕರಿ ಸಿಕ್ಕಿತ್ತು. ಕಾಗದ ನೋಡಿದ್ರ ಆಕಿಗೂ ಆಕಿ ಅಣ್ಣಗೂ ನಾಕೇ ತಿಂಗಳ ಅಂತರ! ಅಣ್ಣಂದು ದವಾಖಾನಿಯ ಖರೇ ತಾರೀಖು, ಆಕಿದು ಮಾಸ್ತರ ಬರದ ಜೂನ್ ಒಂದು. ಸಾಕ್ಷಿಗೆ ಅವರ ಅವ್ವ ಬಂದ್ಳು.

ಸರ್ಕಾರಿ ವಕೀಲರು, "ನಾಕು ತಿಂಗಳದಾಗ ಎರಡು ಕೂಸು ಹೆಂಗ ಹಡದ್ಯವ್ವಾ?" ಅಂದ್ರು.

"ನಾ ಸರಿಯಾಗೇ ಹಡದೀನ್ರಿ. ನಡುವಿನ ಎರಡು ವರ್ಷ ಮಾಸ್ತರ ನುಂಗ್ಯಾನ, ಅವನಿಗೇ ಕೇಳ್ರಿ."

"ಮಗಳು ಹುಟ್ಟಿದ ತಾರೀಖು ನೀವಾದ್ರೂ ಬರದಿಡಬೇಕಿತ್ತಲ್ಲ?"

"ನೀವ್ ಹಡದಿದ್ರ ಗೊತ್ತಾಗ್ತಿತ್ತು ರೀ," ಅಂದ್ಳು ಆಕಿ.

ನಾವು ಗೆದ್ವಿ.

೩. ನಾಯಿ ತಿಂದ ಭಜ್ಜಿ

ಊರಮಂದಿದೆಲ್ಲ ತಿದ್ದಿಸಿದೆ, ನಂದು ಉಳೀತು. ನಮ್ಮೂರು ನಿಂಬರ್ಗಾ. ನಾ ಹುಟ್ಟಿದ್ದು ಎಳ್ಳಮಾಸಿ, ಅಂದ್ರ ಎಳ್ಳು ಅಮಾವಾಸ್ಯೆ ದಿನ, ಹೊಲದಾಗ. ಎಲ್ಲಾರೂ ಭೂತಾಯಿಗಿ ಎಡಿ ಹಿಡಿದು ಚರಗ ಚೆಲ್ಲಿ, ಕಾಳು-ಪಲ್ಯೆ ಕುದಿಸಿದ ಭಜ್ಜಿ, ಸಜ್ಜಿ ರೊಟ್ಟಿ ಹಚಕೊಂಡು ಕುಂತಾಗ ಅವ್ವಗ ಬ್ಯಾನಿ ಬಂತಂತ. "ನಿನ್ನ ಹಡದು ಕಣ್ಣು ಬಿಡೋದ್ರಾಗ ನನ್ನ ಪಾಲಿನ ಭಜ್ಜಿ ನಾಯಿ ತಿಂದಿತ್ತೋ!" ಅಂತ ಪ್ರತಿ ಎಳ್ಳಮಾಸಿಗೂ ಫೋನ್ ಮಾಡಿ ಹೇಳ್ತಿದ್ಳು. ಕಡೀಕ, "ನಿನ್ನ ಖರೇ ದಿನ ಕಾಗದದಾಗ ಬರಬೇಕು. ದಾವೆ ಹಾಕಿದ್ಯೋ ಇಲ್ಲೋ?" ಅಂತಿದ್ಳು.

"ಮುಂದಿನ ತಾರೀಖಿಗೆ ಅವ್ವಾ," ಅಂತಿದ್ದೆ. ಕಕ್ಷಿದಾರರಿಗೆ ಹೇಳಿ ಹೇಳಿ ಬಾಯಿಗೆ ರೂಢಿ ಆಗಿತ್ತು ನೋಡ್ರಿ.

ಹೋದ ಬ್ಯಾಸಿಗ್ಯಾಗ ಅವ್ವ ಹೋದ್ಳು. ಸಾಲಿ ಕಾಗದದಾಗ ವರ್ಷ ಸರಿ ಇತ್ತು. ಆ ವರ್ಷದ ಪಂಚಾಂಗ ಹುಡುಕಿದೆ, ಎಳ್ಳಮಾಸಿ ತಾರೀಖು ಸಿಕ್ತು. ಆದರ ಅವತ್ತೇ ಹುಟ್ಟೀನಿ ಅನ್ನಾಕ ಸಾಕ್ಷಿನೇ ಇಲ್ಲ. ಕಕ್ಷಿದಾರ ಹಿಂಗ ಮಾಡಿದ್ರ ನಾ ಬೈತಿದ್ದೆ. ಜೂನ್ ಒಂದಕ್ಕ ನೂರು ಫೋನ್ ಬರ್ತಾವ. ನನಗ ಬೇಕಾಗಿದ್ದು ಎಳ್ಳಮಾಸಿದ ಆ ಒಂದು ಫೋನು.

೪. ಖರೇ ಸಾಕ್ಷಿ

ಈ ಸಲ ಎಳ್ಳಮಾಸಿಗಿ ಮನಿಯಾಗ ಕುಂದ್ರಾಕ ಆಗಲಿಲ್ಲ. ನಿಂಬರ್ಗಾಕ್ಕ ಹೋದೆ. ಅವ್ವನ ಜೋಡಿ ಕಳೆ ತೆಗೀಲಿಕ್ಕೆ ಹೋಗ್ತಿದ್ದ ಒಬ್ಬ ಮುದುಕಿ ಆಯಿ ಅದೇ ಹೊಲದ ಬದುವಿನ ಮ್ಯಾಲ ಕುಂತಿದ್ಳು. ಗುರುತು ಹಿಡಿದು, "ಬಾರೋ, ಇಲ್ಲೇ ಹುಟ್ಟಿದಾಂವ ಅಲ್ಲೇನೋ ನೀ!" ಅಂದ್ಳು.

ನಾ ಆಕಿ ಬಾಜೂಕೇ ಕುಂತೆ. "ಯಾವತ್ತು ಅನ್ನೋದು ನೆನಪದ ಏನು ಆಯಿ?"

"ಇಂಥಾದ್ದೇ ಎಳ್ಳಮಾಸಿ ದಿನ. ನಾನೇ ಹೊಕ್ಕಳಬಳ್ಳಿ ಕೊಯ್ದೀನಿ, ಮರೀತೇನೇನು?"

ಕಣ್ಣಾಗ ನೀರು ಬಂತು, ಮುಚ್ಚಿಡಲಿಲ್ಲ. "ಇದನ್ನೇ ಕೋರ್ಟಿಗಿ ಬಂದು ಹೇಳ್ತಿ ಏನು? ಅವ್ವನ ಭಜ್ಜಿ ನಾಯಿ ತಿಂದದ್ದೂ ಹೇಳು, ಜಜ್ ಸಾಹೇಬ್ರು ನಂಬತಾರ."

ಆಯಿ ಸುತ್ತ ಮುತ್ತ ನೋಡಿ ನನ್ನ ಕಿವಿಗೆ ಬಾಯಿ ಹಚ್ಚಿದ್ಳು. "ಯಾವ ನಾಯಿನೋ? ನೀರು ಕಾಸಿ ಕಾಸಿ ನನಗ ಹಸಿವಿ ಆಗಿತ್ತು, ನಾನೇ ತಿಂದೆ."

"ಅಯ್ಯ ಆಯಿ! ಹಂಗಾದ್ರ ಕೋರ್ಟಿನ್ಯಾಗ ಖರೇನೇ ಹೇಳಬೇಕಾಗ್ತದ."

"ಹುಟ್ಟಿದ್ದು ಖರೇ ಹೇಳ್ತೇನಿ. ಭಜ್ಜಿ ಮಾತ್ರ ನಾಯಿನೇ ತಿಂತು," ಅಂದ್ಳು ಆಯಿ, ಒಂದು ರೊಟ್ಟಿ ಮ್ಯಾಲ ಭಜ್ಜಿ ಹಾಕಿ ನನ್ನ ಕೈಯಾಗಿಟ್ಟು. "ನಾಳೆ ಮ್ಯಾಲ ಹೋದಾಗ ನಿಮ್ಮವ್ವಗ ಗೊತ್ತಾದ್ರ ನನ್ನ ಸುಮ್ನ ಬಿಡ್ತಾಳೇನೋ?"