ಇಪ್ಪತ್ತೈದು ಲಕ್ಷ ವರ್ಷ, ಒಂದೂವರೆ ಮಹಡಿ

"ಇವತ್ತು ನಿನಗೆ ಆ ಗೆಲಾಕ್ಸಿ ತೋರಿಸ್ದೇ ಇದ್ರೆ, ನಾಳೆಯಿಂದ ನಾನು ಸ್ಪ್ಯಾನರ್ ಮುಟ್ಟಲ್ಲ!"

ವಾಷಿಂಗ್ ಮೆಷಿನ್ ಮೆಕ್ಯಾನಿಕ್ ಮಹಾಶಯರು ಹೀಗೆ ಗುಡುಗಿದಾಗ ಅವರ ಹೆಂಡತಿ ಸೂಟ್‌ಕೇಸಿನ ಮೇಲೆ ಕೂತು ಅದರ ಬಾಯಿ ಮುಚ್ಚಿಸುವ ಪ್ರಯತ್ನದಲ್ಲಿದ್ದರು.

"ಮೊದಲು ಈ ಜಿಪ್ ಎಳೀರಿ," ಎಂದರು.

ಆಕೆ ಆಸ್ಪತ್ರೆಯಲ್ಲಿ ನರ್ಸ್. ಎಳೆಗೂಸುಗಳ ಆರೈಕೆಯ ತರಬೇತಿಗೆಂದು ಮರುದಿನ ಬೆಳಗಿನ ಬಸ್ಸಿಗೆ ದೂರದ ಊರಿಗೆ ಹೊರಟಿದ್ದರು. ಪೂರ್ತಿ ಒಂದು ವರ್ಷ! ಆಂಡ್ರೊಮಿಡಾ ಗೆಲಾಕ್ಸಿ ತೋರಿಸುತ್ತೇನೆಂದು ಮಹಾಶಯರು ಮಾತು ಕೊಟ್ಟದ್ದು ಮದುವೆಯಾದ ಹೊಸದರಲ್ಲಿ. ಒಂದು ವರ್ಷ ಮೋಡ ಅಡ್ಡ ಬಂತು, ಇನ್ನೊಂದು ವರ್ಷ ದೂರದರ್ಶಕದ ಕನ್ನಡಿಗೆ ಬೂಸಲು ಹಿಡಿಯಿತು, ಮತ್ತೊಂದು ವರ್ಷ ಮಹಾಶಯರಿಗೇ ನೆಗಡಿ. ಮಾತು ಹಾಗೇ ಉಳಿದುಹೋಗಿತ್ತು. ಅದನ್ನು ಉಳಿಸಿಕೊಳ್ಳಲು ಈಗ ಇದ್ದದ್ದು ಇದೊಂದೇ ಸಂಜೆ. ಆಕಾಶವೋ, ತೊಳೆದಿಟ್ಟ ಹಾಗಿತ್ತು.

ದೂರದರ್ಶಕ ಅವರ ಸ್ವಂತ ನಿರ್ಮಾಣ. ಮೇಲೆ ನೀರಿನ ಪೈಪಿನ ದಪ್ಪ ಕೊಳವೆ, ಬುಡದಲ್ಲಿ ಹಳೆಯ ವಾಷಿಂಗ್ ಮೆಷಿನ್ನಿನ ಡ್ರಮ್ ಬೇರಿಂಗ್. ಬೆರಳು ತಾಗಿಸಿದರೆ ಸಾಕು, ನುಣ್ಣಗೆ ತಿರುಗುತ್ತಿತ್ತು. ತೊಂದರೆ ಇದ್ದದ್ದೂ ಅಲ್ಲೇ. ಬೆರಳು ತೆಗೆದ ಮೇಲೂ ತಿರುಗುತ್ತಿತ್ತು!

ಕತ್ತಲು ಕವಿಯುತ್ತಿದ್ದಂತೆ ಇಬ್ಬರೂ ನಾಲ್ಕು ಮಹಡಿಯ ಆ ಕಟ್ಟಡದ ತಾರಸಿ ಹತ್ತಿದರು. ಮಹಾಶಯರು ಕೈ ಚಾಚಿ ವಿಳಾಸ ಹೇಳತೊಡಗಿದರು.

"ಅಲ್ನೋಡು, ನಾಲ್ಕು ನಕ್ಷತ್ರದ ದೊಡ್ಡ ಚೌಕ. ಅದರ ಮೂಲೆಯಿಂದ ಸಾಲಾಗಿ ಎರಡು ನಕ್ಷತ್ರ ದಾಟು. ಅಲ್ಲೊಂದು ತಿರುವು. ಮತ್ತೆರಡು ಪುಟ್ಟ ನಕ್ಷತ್ರ ಹತ್ತಿದ್ರೆ ಪಕ್ಕದಲ್ಲೇ ಮಂಜಿನ ಹಾಗೆ ಕಾಣತ್ತೆ."

"ನಮ್ಮಕ್ಕನ ಮನೆಗೆ ಹೋಗೋವಾಗ ಇಡೀ ಊರು ಸುತ್ತಿಸ್ತೀರಿ. ಮೇಲಿನ ದಾರಿ ಮಾತ್ರ ಬಾಯಿಪಾಠ!"

"ತಮಾಷೆ ಮಾಡ್ಬೇಡ ಕಣೇ. ಹಿಂದೆ ಒಬ್ಬ ಧೂಮಕೇತು ಹುಡುಕ್ತಿದ್ದ. ಈ ಮಸುಕು ಮಸುಕಾದವನ್ನೆಲ್ಲ ಧೂಮಕೇತು ಅಂತ ತಿಳ್ಕೊಂಡು ಮೋಸ ಹೋಗಬಾರದು ಅಂತ ಒಂದು ಪಟ್ಟಿ ಮಾಡಿಟ್ಟ. ಇದು ಅದರಲ್ಲಿ ಮೂವತ್ತೊಂದನೇದು."

"ಅಂದ್ರೆ ಬೇಡದ್ದರ ಪಟ್ಟಿ. ಬೇಡ ಅಂತ ಅವನು ಬಿಟ್ಟಿದ್ದನ್ನ ನೋಡೋಕೆ ನೀವು ಇಷ್ಟು ವರ್ಷ ಒದ್ದಾಡಿದ್ರಾ?"

"ಅದರ ಬೆಳಕು ಇಲ್ಲಿಗೆ ಬರೋಕೆ ಇಪ್ಪತ್ತೈದು ಲಕ್ಷ ವರ್ಷ ಬೇಕು, ಗೊತ್ತಾ?"

ಆಕೆ ತುದಿಗಾಲಲ್ಲಿ ನಿಂತು ಕೊಳವೆಯ ಮೇಲ್ತುದಿಯಲ್ಲಿದ್ದ ಕಣ್ಣುಗಾಜಿನತ್ತ ಕತ್ತು ಚಾಚಿದರು. ಕಣ್ಣು ಎಟುಕಲಿಲ್ಲ!

"ಸ್ಟೂಲ್ ತಂದ್ಬಿಡು," ಎಂದರು ಮಹಾಶಯರು. "ಅಷ್ಟರಲ್ಲಿ ನಾನು ಹುಡುಕಿ ಹಿಡಿದಿಟ್ಟಿರ್ತೀನಿ."

ಎರಡನೇ ಮಹಡಿಯ ಮನೆಯಲ್ಲಿದ್ದ ಸ್ಟೂಲು ಕಬ್ಬಿಣದ್ದು, ಭಾರ. ಆದ್ದರಿಂದ ಅದನ್ನು ಮೇಲೆ ತರಲು ಆಕೆ ಲಿಫ್ಟ್ ಹಿಡಿದರು. ಆಕೆಯ ಫೋನು ಮನೆಯಲ್ಲೇ ಚಾರ್ಜಿಗಿತ್ತು.

ಇತ್ತ ಮಹಾಶಯರಿಗೆ ಮೆಟ್ಟಿಲಿನ ದೀಪ ಕಣ್ಣು ಚುಚ್ಚತೊಡಗಿತು. ಯಾವ ಕೆಲಸಕ್ಕೂ ಮೊದಲು ಮೇನ್ ಸ್ವಿಚ್ ಆಫ್ ಮಾಡುವುದು ಅವರ ವೃತ್ತಿಧರ್ಮ. ತಾರಸಿ ಬಾಗಿಲ ಪಕ್ಕದ ಬೋರ್ಡಿನ ದೊಡ್ಡ ಸ್ವಿಚ್ಚನ್ನು ಗತ್ತಿನಿಂದ ಕೆಳಗೆಳೆದರು, ಬಾಗಿಲನ್ನೂ ಭದ್ರವಾಗಿ ಮುಚ್ಚಿದರು. ಆಹಾ, ಎಂಥ ಕತ್ತಲು! ಮೆಟ್ಟಿಲ ದೀಪವೂ ಲಿಫ್ಟೂ ಒಂದೇ ಸ್ವಿಚ್ಚಿನ ಮಕ್ಕಳು ಎಂಬುದು ಅವರಿಗೆ ಗೊತ್ತಿಲ್ಲದ್ದೇನಲ್ಲ. ಆದರೆ ಆಕಾಶಕ್ಕೆ ಕಣ್ಣು ನೆಟ್ಟ ಮನುಷ್ಯನಿಗೆ ಲಿಫ್ಟು ಯಾಕೆ ನೆನಪಾಗುತ್ತದೆ?

ಚೌಕ, ಮೂಲೆ, ಎರಡು ನಕ್ಷತ್ರ, ತಿರುವು... ಸಿಕ್ಕಿತು! ಬಾಯಿಂದ ಊದಿದ ಹಬೆಯಂತೆ ಉದ್ದುದ್ದಕ್ಕೆ ಹಬ್ಬಿದ ಬೆಳಕು, ನಡುವೆ ಕೊಂಚ ದಟ್ಟ. ಮಹಾಶಯರು ಎರಡೂ ಕೈಯಿಂದ ಕೊಳವೆಯನ್ನು ತಬ್ಬಿಕೊಂಡರು. ಕೈ ಬಿಟ್ಟರೆ ಬೇರಿಂಗ್ ಜಾರುತ್ತದಲ್ಲ!

ಆಗ ಕೆಳಗೆಲ್ಲೋ ಧಡ್ ಧಡ್ ಎಂಬ ಸದ್ದು ಶುರುವಾಯಿತು.

ಮಹಾಶಯರು ಕೊಳವೆ ಬಿಡದೆ ಕಿವಿಗೊಟ್ಟರು. ಸದ್ದು ಕೇಳಿಯೇ ರೋಗ ಹೇಳುವುದರಲ್ಲಿ ಅವರನ್ನು ಮೀರಿಸುವವರು ಆ ಬಡಾವಣೆಯಲ್ಲಿ ಯಾರಿದ್ದರು? "ಮೂರನೇ ಮಹಡಿಯವರ ಮೆಷಿನ್ನು," ಎಂದು ತಮಗೆ ತಾವೇ ತೀರ್ಪು ಕೊಟ್ಟರು. "ದಪ್ಪ ಹೊದಿಕೆ ಒಂದನ್ನೇ ಹಾಕಿದ್ದಾರೆ, ಡ್ರಮ್ ಒಂದು ಕಡೆ ವಾಲಿದೆ. ಬಡ್ಕೊಳ್ಳಲಿ. ನಾಳೆ ನನ್ನ ಹತ್ರಾನೇ ಬರ್ತಾರೆ."

ಸದ್ದು ಜೋರಾಯಿತು. "ಬೇರಿಂಗೂ ಹೋಗಿದೆ," ಎಂದರು. ಹೆಂಡತಿ ಇನ್ನೂ ಬಾರದ್ದು ಕಂಡು, ಅಕ್ಕನಿಗೆ ಫೋನ್ ಮಾಡುತ್ತ ಕೂತಿರಬೇಕೆಂದು ಗೊಣಗಿಕೊಂಡರು.

ಬಾಗಿಲು ದಡಾರನೆ ತೆರೆಯಿತು. ಟಾರ್ಚಿನ ಬೆಳಕು ನೇರವಾಗಿ ಮಹಾಶಯರ ಮುಖಕ್ಕೆ ಬಡಿಯಿತು. ನಾಲ್ಕನೇ ಮಹಡಿಯ ಅಕೌಂಟೆಂಟ್!

"ಆರಿಸ್ರೀ ಅದನ್ನ! ಕತ್ತಲೆಗೆ ಒಗ್ಗಿದ ಕಣ್ಣು ಹಾಳಾಯ್ತು!"

"ಕಣ್ಣು ಹಾಗಿರ್ಲಿ, ನಿಮ್ಮ ಮನೆಯವರು ಲಿಫ್ಟ್‌ನಲ್ಲಿ ಸಿಕ್ಕಿಹಾಕ್ಕೊಂಡಿದ್ದಾರೆ. ಮೂರಕ್ಕೂ ನಾಲ್ಕಕ್ಕೂ ಮಧ್ಯೆ. ಆಗ್ಲಿಂದ ಬಾಗಿಲು ಬಡೀತಿದ್ದಾರೆ, ನಿಮಗೆ ಕೇಳಿಸ್ಲಿಲ್ವಾ?"

ಇಲ್ಲಿ ಮಹಾಶಯರು ಓಡಬೇಕಿತ್ತು. ಸ್ವಿಚ್ಚು ಇದ್ದದ್ದು ಆರು ಹೆಜ್ಜೆ ಆಚೆ. ಆದರೆ ಅವರ ಬಾಯಿಂದ ಬಂದ ಮಾತೇ ಬೇರೆ. ಆ ಮಾತನ್ನು ನೆನೆದರೆ ಇವತ್ತಿಗೂ ಅವರಿಗೆ ಊಟ ಸೇರುವುದಿಲ್ಲ.

"ಒಂದ್ನಿಮಿಷ ಇರಿ. ಕೈ ಬಿಟ್ರೆ ಜಾರಿಹೋಗತ್ತೆ!"

ಅಕೌಂಟೆಂಟರು ಅವರನ್ನು ಅಡಿಯಿಂದ ಮುಡಿವರೆಗೆ ನೋಡಿದರು. ತಾವೇ ಹೋಗಿ ಸ್ವಿಚ್ ಮೇಲೆತ್ತಿದರು.

ದೀಪ ಹೊತ್ತಿತು, ಲಿಫ್ಟು ನರಳುತ್ತ ಹತ್ತಿತು. ಮಹಾಶಯರು ಕೊನೆಗೂ ಕೈ ಬಿಟ್ಟು ನಾಲ್ಕನೇ ಮಹಡಿಗೆ ಓಡಿದರು. ಬಾಗಿಲು ತೆರೆದಾಗ ಅವರ ಹೆಂಡತಿ ಸ್ಟೂಲಿನ ಮೇಲೆ ಕೂತಿದ್ದರು. ಸೀರೆಯೆಲ್ಲ ಬೆವರು. ಬಾಗಿಲು ಬಡಿದು ಬಡಿದು ಅಂಗೈ ಕೆಂಪಾಗಿತ್ತು.

"ನಾನು ಮೂರನೇ ಮಹಡಿಯವರ ಮೆಷಿನ್ನು ಅಂತ..."

"ನನಗೆಲ್ಲಾ ಕೇಳಿಸ್ತು," ಎಂದರು ಆಕೆ. ಲಿಫ್ಟು ಓಡಾಡುವ ಬಾವಿಯಂಥ ಗೂಡಿನಲ್ಲಿ ಮೇಲಿನ ಮಾತು ಚೆನ್ನಾಗಿ ಇಳಿಯುತ್ತದೆ. "ಅಲ್ಲಾ ರೀ, ಆ ಬೆಳಕು ಇಪ್ಪತ್ತೈದು ಲಕ್ಷ ವರ್ಷ ದಾರಿ ಸವೆಸಿ ನಮ್ಮ ತಾರಸಿಗೆ ಬಂತು. ನಿಮಗೆ ಒಂದೂವರೆ ಮಹಡಿ ಇಳಿದು ಬರೋಕಾಗ್ಲಿಲ್ವಾ?"

ಮಹಾಶಯರು ಸ್ಟೂಲನ್ನು ತಾವೇ ಹೊತ್ತು ಮೆಟ್ಟಿಲು ಹತ್ತಿದರು. ಆಕೆ ಪಾಪ, ಬಂದರು. ಕೊಳವೆ ಅಷ್ಟರಲ್ಲಿ ತನ್ನಷ್ಟಕ್ಕೆ ತಿರುಗಿ ನೀರಿನ ಟ್ಯಾಂಕಿನತ್ತ ಮುಖ ಮಾಡಿತ್ತು. ಮತ್ತೆ ಚೌಕ ಹುಡುಕಿದರೆ ಚೌಕದ ಮೇಲೆ ಮೋಡ ಬಂದು ಕೂತಿತ್ತು. ಇಬ್ಬರೂ ಬಹಳ ಹೊತ್ತು ಕಾದರು. ಮೋಡ ಕದಲಲಿಲ್ಲ.

ಬೆಳಿಗ್ಗೆ ಬಸ್‌ಸ್ಟ್ಯಾಂಡಿನಲ್ಲಿ ಮಹಾಶಯರು ಸೂಟ್‌ಕೇಸ್ ಮೇಲೇರಿಸಿ, ಕೆಳಗಿಳಿದು ಕಿಟಕಿಯ ಸರಳು ಹಿಡಿದು ನಿಂತರು. ರಾತ್ರಿಯೆಲ್ಲ ನಿದ್ದೆಗೆಟ್ಟ ಮುಖ.

"ಬೇಜಾರ್ ಮಾಡ್ಕೋಬೇಡ ಕಣೇ. ಮುಂದಿನ ವರ್ಷ ಖಂಡಿತ ತೋರಿಸ್ತೀನಿ. ಅದೇನು ಅಲ್ಲಿಂದ ಎಲ್ಲಿಗೂ ಹೋಗಲ್ಲ."

"ಅದು ಹೋಗಲ್ಲ, ನನಗೂ ಗೊತ್ತು ರೀ," ಎಂದು ಆಕೆ ಸರಳಿನ ಮೇಲಿದ್ದ ಅವರ ಬೆರಳುಗಳನ್ನು ಒಂದೊಂದಾಗಿ ಬಿಡಿಸಿದರು. "ಹೋಗ್ತಿರೋದು ನಾನು. ನಿನ್ನೆ ನೀವು ಅದನ್ನ ಹಿಡ್ಕೊಂಡು ನಿಂತಿದ್ರಿ."

ಬಸ್ಸು ಹೊರಟಿತು.