ಹೊಗೆಸೊಪ್ಪಿನ ಬ್ಯಾರನ್ನಲ್ಲಿ ಜೀರುಂಡೆ

ಹಸು ಸಾಕುವವನನ್ನು ಯಾರೂ ತಿರುಗಿ ನೋಡುವುದಿಲ್ಲ. ಹುಳ ಸಾಕಿ ನೋಡಿ, ದಿನಕ್ಕೊಂದು ಪಜೀತಿ ಮನೆ ಬಾಗಿಲಿಗೇ ಬರುತ್ತದೆ.

ನಮ್ಮದು ಬೆಟ್ಟದಪುರದ ಪಕ್ಕದ ಹಳ್ಳಿ. ಹೊಗೆಸೊಪ್ಪು ಬೆಳೆಯುವುದನ್ನು ಬಿಟ್ಟ ಮೇಲೆ, ಸೊಪ್ಪು ಹದ ಮಾಡಲು ಅಪ್ಪ ಕಟ್ಟಿಸಿದ್ದ ಬ್ಯಾರನ್ ಖಾಲಿ ಬಿದ್ದಿತ್ತು. ಬೆಚ್ಚಗಿನ ಜಾಗ. ತರಬೇತಿಗೆ ಹೋಗಿ ಬಂದವನು ಅಲ್ಲಿ ಜೀರುಂಡೆ ಸಾಕಲು ಶುರು ಮಾಡಿದೆ. ಸಂಜೆಯಾದರೆ ಬಚ್ಚಲ ಸಂದಿಯಲ್ಲಿ ಕಿರ್ ಅನ್ನುತ್ತದಲ್ಲ, ಅದೇ ಹುಳ. ನೀರು ಕಮ್ಮಿ, ಮೇವು ಕಮ್ಮಿ, ಹುರಿದು ತಿಂದರೆ ಪ್ರೋಟೀನು ಜಾಸ್ತಿ. ನನಗೆ ಇದೆಲ್ಲ ಚೆನ್ನಾಗಿ ಅರ್ಥವಾಯಿತು. ಅವ್ವನಿಗೆ ಆಗಲಿಲ್ಲ.

"ನಿಮ್ಮಪ್ಪ ಕಟ್ಸಿದ್ ಬ್ಯಾರನ್ನಾಗೆ ಹುಳ ಸಾಕ್ತೀಯೇನ್ಲಾ? ಮಾರ್ಲಮಿ ಹಬ್ಬದೊಳಗೆ ಖಾಲಿ ಮಾಡು. ಅವತ್ತು ಅವ್ರು ಎಡೆ ಉಣ್ಣಕ್ಕೆ ಬತ್ತಾರೆ. ಇದ ನೋಡುದ್ರೆ ನಾನೇನ್ ಹೇಳ್ಲಿ?"

ಮಾರ್ಲಮಿ ಅಂದರೆ ನಮ್ಮಲ್ಲಿ ತೀರಿಹೋದ ಹಿರಿಯರಿಗೆ ಎಡೆ ಇಡುವ ಹಬ್ಬ. ಅವ್ವ ಆಡಿದ ಮಾತು ತಪ್ಪುವವಳಲ್ಲ. ಅಷ್ಟರೊಳಗೆ ಊರಿನ ನಾಲ್ಕು ಜನ ತಿಂದು ಚೆನ್ನಾಗಿದೆ ಅಂದರೆ ಅವಳು ಕರಗಿಯಾಳು ಎಂದುಕೊಂಡೆ.

ವಾರದ ಲೆಕ್ಕ

ಹುಣಸೂರಿನಲ್ಲಿ ರೈತರ ಸಭೆಯೊಂದಿತ್ತು. ಬೆಳ್ಳುಳ್ಳಿ, ಖಾರದಪುಡಿ ಹಾಕಿ ಒಂದು ಬಾಣಲೆ ಜೀರುಂಡೆ ಹುರಿದುಕೊಂಡು ಹೋದೆ. ಹಿರಿಯ ರೈತರೊಬ್ಬರು ಎದ್ದು ನಿಂತರು.

"ಇದು ಬಾಡಿನ ಲೆಕ್ಕವೋ, ತರಕಾರಿ ಲೆಕ್ಕವೋ?"

"ಬಾಡು ಅಂತಾನೇ ಇಟ್ಕೊಳ್ಳಿ" ಅಂದೆ.

"ಮೂಳೆ ಅದಾ?"

"ಇಲ್ಲ."

"ಕುಯ್ದ್ರೆ ರಕ್ತ ಬತ್ತದಾ?"

"ನಮ್ಮಂಗೆ ಕೆಂಪಗೆ ಬರಲ್ಲ."

ಸಭೆ ಎರಡು ಗುಂಪಾಯಿತು. ಮೂಳೆಯಿಲ್ಲದ್ದು ಬಾಡು ಹೇಗಾಗುತ್ತದೆ ಎಂದು ಒಂದು ಗುಂಪು, ಕಾಲಿದ್ದು ನೆಗೆಯುವುದು ತರಕಾರಿ ಹೇಗಾಗುತ್ತದೆ ಎಂದು ಇನ್ನೊಂದು. ನನ್ನ ಬಾಣಲೆ ಆರಿ ತಣ್ಣಗಾಯಿತು. ಕೊನೆಗೆ ರಾಜಿಯಾದರು. ಶನಿವಾರ ತಿನ್ನಬಹುದು, ಸೋಮವಾರ ಮಾತ್ರ ಬೇಡ.

ನನಗೆ ಖುಷಿಯಾಗಿ ತಟ್ಟೆ ಮುಂದೆ ಹಿಡಿದೆ. ಹಿರಿಯರು ಕೈ ಮುಗಿದರು. "ಇವತ್ತು ಸೋಮವಾರ ಕಣಪ್ಪ."

ಬೇರಿಂಗು

ಕೆ.ಆರ್. ನಗರದಲ್ಲಿ ಜಿಮ್ ನಡೆಸುವವನೊಬ್ಬ ಫೋನ್ ಮಾಡಿ, ತಿನ್ನುವ ಮುಂಚೆ ಜೀವಂತ ಇರುವುದನ್ನು ಒಮ್ಮೆ ನೋಡಬೇಕು ಅಂದ. ಒಂದು ಡಬ್ಬ ತುಂಬಿಕೊಂಡು ಬಸ್ಸು ಹತ್ತಿ ಸೀಟಿನ ಕೆಳಗೆ ಇಟ್ಟೆ. ಸಾಲಿಗ್ರಾಮದವರೆಗೆ ಸುಮ್ಮನಿದ್ದವು. ಮಿರ್ಲೆ ಹತ್ತಿರ ಬರುವ ಹೊತ್ತಿಗೆ ಗಂಡು ಜೀರುಂಡೆಗಳೆಲ್ಲ ಒಟ್ಟಿಗೆ ಕೂಗಲು ಹಿಡಿದವು.

ಡ್ರೈವರ್ ಕಿವಿ ನಿಗುರಿಸಿದ. "ಹಿಂದ್ಗಡೆ ಬೇರಿಂಗ್ ಹೋಗ್ಬುಟ್ಟದೆ ಕಣ್ಲಾ" ಎಂದು ಕಂಡಕ್ಟರಿಗೆ ಹೇಳಿ ಬಸ್ಸು ನಿಲ್ಲಿಸಿದ. ಇಬ್ಬರೂ ಇಳಿದು ಚಕ್ರ ಒದ್ದು ನೋಡಿದರು. ನಾನು ಕಿಟಕಿಯಾಚೆ ಗದ್ದೆ ನೋಡುತ್ತ ಕುಳಿತೆ. ಡ್ರೈವರ್ ಮತ್ತೆ ಹತ್ತಿ ಬಂದು ಇಂಜಿನ್ ಆಫ್ ಮಾಡಿದ. ಕಿರ್ ಕಿರ್ ಇನ್ನೂ ಜೋರಾಗಿಯೇ ಕೇಳಿತು.

ಅವನು ಸ್ಟೇರಿಂಗಿಗೆ ಕೈ ಮುಗಿದು ಮೆಲ್ಲಗೆ ಅಂದ. "ಇಪ್ಪತ್ತು ವರ್ಸದಾಗೆ ಮೊದ್ಲು ಕಣಪ್ಪ. ನಿಂತಿರೋ ಗಾಡೀಲಿ ಬೇರಿಂಗ್ ತಿರುಗ್ತಾದೆ."

ಪಕ್ಕದ ಮನೆ ಕೋಳಿ

ಒಂದು ದಿನ ಕೈ ಜಾರಿ ಡಬ್ಬ ಬಿತ್ತು. ಹುಳಗಳೆಲ್ಲ ಹಿತ್ತಲಿಗೆ ನೆಗೆದವು. ಪಕ್ಕದ ಮನೆಯ ಅಕ್ಕನ ಕೋಳಿಗಳು ಬೇಲಿ ಹಾರಿ ಬಂದು ಅವನ್ನು ಹೆಕ್ಕಿ ಮುಗಿಸಿದವು. ಅಕ್ಕ ಸೆರಗು ಬಿಗಿದುಕೊಂಡು ಬಂದರು. "ನಿಮ್ ಹುಳ ತಿಂದು ನಮ್ ಕೋಳಿ ಸತ್ರೆ ಯಾರ್ ಜವಾಬ್ದಾರಿ?"

ವಾರ ಕಳೆಯಿತು. ಅಕ್ಕ ಮತ್ತೆ ಬೇಲಿ ಹತ್ತಿರ ಬಂದರು, ಈ ಸಲ ದನಿ ಸಣ್ಣಗಿತ್ತು. "ಮೊಟ್ಟೆ ಬಲು ದಪ್ಪ ಇಕ್ತಾವೆ ಕಣಪ್ಪ. ಇವತ್ತು ಡಬ್ಬ ಬೀಳ್ಸಾಕಿಲ್ವ?"

ಎಡೆ

ಮಾರ್ಲಮಿ ಬಂದೇಬಿಟ್ಟಿತು. ಕೋಳಿ ಬಿಟ್ಟರೆ ಊರಿನಲ್ಲಿ ಯಾರೂ ತಿಂದಿರಲಿಲ್ಲ. ಬೆಳಿಗ್ಗೆ ಡಬ್ಬಗಳನ್ನು ಒಂದೊಂದಾಗಿ ಆಚೆ ತರುತ್ತಿದ್ದೆ. ಬಲು ಬೇಸರವಾಗಿತ್ತು. ಯಾವತ್ತೂ ಬ್ಯಾರನ್ ಹತ್ತಿರವೇ ಹುರಿಯುತ್ತಿದ್ದ ನನ್ನ ಹೆಂಡತಿ, ಹಬ್ಬದ ಅವಸರಕ್ಕೆ ಕೊನೆಯ ಒಂದು ಸೇರನ್ನು ಅಡಿಗೆಮನೆಯಲ್ಲೇ ಹುರಿದಳು.

ಜಗುಲಿಯಲ್ಲಿದ್ದ ಅವ್ವ ಎದ್ದು ಒಳಗೆ ಹೋದಳು. "ಏನವ್ವ ಇದು ವಾಸ್ನೆ?"

"ಅದೇ ಹುಳ, ಅತ್ತೆ."

ಅವ್ವ ಬಾಣಲೆಯ ಮೇಲೆ ಬಗ್ಗಿ ಮೂಸಿದಳು. "ಈಸಲು ಹುರ್ದಂಗೇ ಅದೆ" ಅಂದಳು. ಮೊದಲ ಮಳೆಗೆ ಹುತ್ತದಿಂದ ರೆಕ್ಕೆ ಕಟ್ಟಿಕೊಂಡು ಏಳುವ ಈಸಲು ಹುಳ ಅಂದರೆ ಅಪ್ಪನಿಗೆ ಪ್ರಾಣ. ಮಾರ್ಲಮಿ ಹೊತ್ತಿಗೆ ಅದು ಎಲ್ಲಿಯೂ ಸಿಗುವುದಿಲ್ಲ. ಅಪ್ಪ ಹೋದಾಗಿನಿಂದ ಪ್ರತಿ ವರ್ಷ ಅವ್ವ, ಅವರಿಗೆ ಇಷ್ಟವಾದದ್ದೊಂದನ್ನು ಬಿಟ್ಟು ಉಳಿದದ್ದೆಲ್ಲ ಇಡುತ್ತಿದ್ದಳು.

"ಎಡೆಗೆ ಇದನ್ನೂ ಒಸಿ ಇಕ್ಕು" ಅಂದಳು.

ಬಾಳೆಲೆಯ ಮೇಲೆ ಮುದ್ದೆ, ಕೋಳಿ ಸಾರು, ಕಜ್ಜಾಯ, ಒಂದು ಕಟ್ಟು ಬೀಡಿ, ಪಕ್ಕದಲ್ಲಿ ಜೀರುಂಡೆಯ ಗುಡ್ಡೆ. ಹಿರಿಯರು ಬಂದು ಉಣ್ಣಲಿ ಎಂದು ಬಾಗಿಲು ಮುಚ್ಚಿ ನಾವೆಲ್ಲ ಜಗುಲಿಗೆ ಬಂದೆವು. ಕೊನೆಗೆ ಬಂದು ಬಾಗಿಲು ಮುಚ್ಚಿದವಳು ಅವ್ವ.

ಒಂದಷ್ಟು ಹೊತ್ತು ಬಿಟ್ಟು ಬಾಗಿಲು ತೆಗೆದರೆ ಎಲ್ಲ ಇಟ್ಟಲ್ಲೇ ಇತ್ತು. ಜೀರುಂಡೆಯ ಗುಡ್ಡೆ ಮಾತ್ರ ಅರ್ಧವಾಗಿತ್ತು.

ಅವ್ವ ಸಮಾಧಾನವಾಗಿ ಹೇಳಿದಳು. "ನೋಡ್ಲಾ, ಕೋಳಿ ಸಾರು ಮುಟ್ಟಿಲ್ಲ. ಇದ್ನೇ ತಿಂದವ್ರೆ. ಬ್ಯಾರನ್ ಖಾಲಿ ಮಾಡ್ಬ್ಯಾಡ ಬುಡು."

ನನಗೆ ನಗು ಬಂತು. "ಅಷ್ಟೊಂದ ಅಪ್ಪ ಒಬ್ರೇ ತಿಂದ್ರಾ, ಅವ್ವ?"

"ಒಬ್ರೇ ಯಾವತ್ತು ತಿಂದವ್ರೆ? ನನ್ ಸೆರಗಿಗೆ ಒಂದ್ ಹಿಡಿ ಹಾಕ್ದೆ ಅವ್ರು ಬಾಯಿಗೆ ಹಾಕ್ತಿರ್ನಿಲ್ಲ" ಅಂದವಳು ಜಗುಲಿಗೆ ಬಂದು ಕುಳಿತು, ಒಂದು ಗಳಿಗೆ ನಾಲಿಗೆಯನ್ನು ಬಾಯೊಳಗೆಲ್ಲ ಆಡಿಸಿದಳು.

"ಲೋ, ಒಂದ್ ಕಡ್ಡಿ ಇದ್ರೆ ಕೊಡ್ಲಾ. ಹಲ್ಲುಸಂದೀಲಿ ಕಾಲು ಸಿಗಾಕೊಂಡದೆ."