ಹೋರಿಯ ಕೊಂಬಿಗೆ ಸಿಕ್ಕಿದ ಇಂಟರ್ನೆಟ್

ನಾಲ್ಕಕ್ಷರ ಓದಿದವರಿಗೆ ಒಂದು ಚಟವಿರುತ್ತದೆ. ಯಾವುದಾದರೂ ನಿಧಾನವಾಗಿದ್ದರೆ ಸುಮ್ಮನೆ ಬಿಡಲಾರರು. ನಾನು ಕಾಲೇಜಿನಲ್ಲಿ ಭೌತಶಾಸ್ತ್ರ ಓದಿ ತಮಿಳುನಾಡಿನ ಕೊಂಬೈಯಲ್ಲಿ ದ್ರಾಕ್ಷಿ ಬೆಳೆಯುವವನು. ದ್ರಾಕ್ಷಿಯನ್ನು ಅವಸರಪಡಿಸಲು ಬರುವುದಿಲ್ಲವಾದ್ದರಿಂದ ಮನೆಯ ಇಂಟರ್ನೆಟ್ಟಿನ ಬೆನ್ನು ಹತ್ತಿದೆ.

ಅದಕ್ಕೆ ಕಾರಣ ಪೊಂಗಲ್. ಹಬ್ಬಕ್ಕೆ ನಮ್ಮತ್ತೆ ಯಾರ ಮನೆಗೆ ಬರಬೇಕೆಂದು ನನ್ನ ಹೆಂಡತಿ ಈಶ್ವರಿಗೂ ದಿಂಡುಕಲ್ಲಿನಲ್ಲಿರುವ ಅವಳ ತಂಗಿ ರಂಗನಾಯಕಿಗೂ ಪ್ರತಿವರ್ಷ ಜಗಳ. "ಗೆದ್ದವಳ ಮನೆಗೆ ಬತ್ತೀನಿ, ಹೋಗ್ರೇ" ಎಂದು ಅತ್ತೆ ಕೈ ತೊಳೆದುಕೊಂಡರು. ಅವರವರ ಮನೆಯಿಂದಲೇ ಬ್ರೌಸರಿನಲ್ಲಿ ಆಡುವ ಹಾವಿನ ಆಟದಲ್ಲಿ ತೀರ್ಮಾನವಾಗಲಿ ಎಂದು ಇಬ್ಬರೂ ಒಪ್ಪಿದರು. ಆದರೆ ಅಭ್ಯಾಸಕ್ಕೆ ಕೂತಾಗಲೆಲ್ಲ ಈಶ್ವರಿಯ ಹಾವು ತಡವರಿಸುತ್ತಿತ್ತು. "ಏನುಂಗ, ತಿರುಗು ಅಂದ್ರೆ ಇದು ನಿಮ್ಮಂಗೇ ಯೋಚನೆ ಮಾಡ್ತದೆ!"

ನಾನು ಬೇಡದ ಟ್ಯಾಬ್‌ಗಳನ್ನೆಲ್ಲ ಮುಚ್ಚಿದೆ. ಚಿತ್ರದ ಗುಣಮಟ್ಟ ಇಳಿಸಿದೆ. ನನ್ನ ಫೋನಿನಲ್ಲಿ ವೇಗ ಅಳೆಯುವ ಪುಟ ತೆರೆದು, ಅದು ಬಿಡುವಿಲ್ಲದೆ ಅಳೆಯುತ್ತಲೇ ಇರುವಂತೆ ಮಾಡಿದೆ. ಹಾವು ಇನ್ನಷ್ಟು ತಡವರಿಸಿತು. ಕೊನೆಗೆ ವೈಫೈಯನ್ನೇ ನಂಬಬಾರದೆಂದು, ಪಡಸಾಲೆಯ ರೂಟರಿನಿಂದ ಹಿತ್ತಿಲ ಜಗಲಿಯವರೆಗೆ, ಬಟ್ಟೆ ಒಣಹಾಕುವ ಹಗ್ಗದ ಮೇಲೆ ಕೇಬಲ್ ಎಳೆದೆ. ಈಶ್ವರಿ ಕೈಗೆ ಅದೃಷ್ಟ ಹತ್ತುವುದು ಆ ಜಗಲಿಯಲ್ಲಿ ಮಾತ್ರವಂತೆ.

ಪಂದ್ಯದ ಬೆಳಿಗ್ಗೆ ಆಟ ಬಿರುಸಾಗಿದ್ದಾಗಲೇ ನಮ್ಮ ಕುಲದವರು ದೇವರಿಗೆ ಬಿಟ್ಟ ಹೋರಿ ಹಿತ್ತಿಲಿಗೆ ಬಂತು. ಅದನ್ನು ಹೊಡೆಯುವಂತಿಲ್ಲ, ಗದರುವಂತಿಲ್ಲ, ಬೇಡಿಕೊಳ್ಳಬಹುದು, ಅಷ್ಟೇ. "ಸಾಮಿ, ಆ ಕಡೆ ಹೋಗಪ್ಪಾ" ಎಂದು ನಾನು ಕೈಮುಗಿಯುವಷ್ಟರಲ್ಲಿ ಕೇಬಲ್ ಅದರ ಕೊಂಬಿಗೆ ಸುತ್ತಿಕೊಂಡಿತ್ತು. ಹೋರಿ ಬೆದರಿ ತಲೆ ಕೊಡವಿತು. ಲ್ಯಾಪ್‌ಟಾಪ್ ಜಗಲಿಯಿಂದ ಹೊರಟಿತು. ಅದನ್ನು ತಬ್ಬಿಕೊಂಡ ಈಶ್ವರಿಯೂ ಹೊರಟಳು. "ಬಿಡೇ, ಬಿಡು!" ಎಂದು ನಾನು ಕೂಗಿದರೆ, "ಅಮ್ಮನ್ನ ಬಿಡಲ್ಲ!" ಎಂದಳು. ಕೊಂಬು ನನ್ನ ಹೊಟ್ಟೆಯಿಂದ ಗೇಣು ದೂರದಲ್ಲಿ ಹಾದುಹೋಯಿತು. ಇಂದಿಗೂ ಕಣ್ಣು ಮುಚ್ಚಿದರೆ ಆ ಕೊಂಬೇ ಬರುತ್ತದೆ. ಆ ದೃಶ್ಯ ಮಾತ್ರ ಒಮ್ಮೆಯೂ ತಡವರಿಸುವುದಿಲ್ಲ.

ಅಷ್ಟರಲ್ಲಿ ಕೇಬಲ್ ಕಿತ್ತುಬಂತು. ಹೋರಿ ಅದನ್ನು ಕೊಂಬಿಗೆ ಅಲಂಕರಿಸಿಕೊಂಡು ಗಂಭೀರವಾಗಿ ಬೀದಿಗೆ ನಡೆಯಿತು. ಈಶ್ವರಿಗೆ ಮೊಣಕೈ ತರಚಿತ್ತು. ನಾನು ಕಲಗಚ್ಚಿನ ತೊಟ್ಟಿಯ ಹಿಂದೆ ಅಡಗಿದ್ದೆ, ನನ್ನ ಫೋನು ತೊಟ್ಟಿಯ ಒಳಗೆ ಮುಳುಗಿತ್ತು.

ರಂಗನಾಯಕಿ ತನ್ನಕ್ಕನ ಫೋನಿಗೆ ಕರೆ ಮಾಡಿ, "ಅಕ್ಕಾ, ನಿನ್ನ ಹಾವು ಸತ್ತೋಯ್ತು, ಅಮ್ಮ ನಂಗೇ!" ಎಂದು ಕುಣಿದಳು. ಹೋರಿಯ ಸಂಗತಿ ಕೇಳಿದೊಡನೆ ದನಿ ತಗ್ಗಿಸಿದಳು. "ಸಾಮಿ ಬಂದಿದ್ರಾ? ಹಂಗಂದ್ರೆ ಆ ಆಟ ಲೆಕ್ಕಕ್ಕಿಲ್ಲ. ಮೊದಲಿಂದ ಆಡನ."

ಕೇಬಲ್ ಇಲ್ಲದ ಕಾರಣ ಹಳೆಯ ವೈಫೈಯಲ್ಲೇ ಆಡಿದರು. ಈಶ್ವರಿಯ ಹಾವು ಎಣ್ಣೆ ಹಚ್ಚಿದಂತೆ ಜಾರಿತು. ಗೆದ್ದಳು. ಎಲ್ಲಾ ಸಾಮಿಯ ಕೃಪೆ ಎಂದು ನಾನು ಕೈಮುಗಿದರೆ, ಅವಳು ತೊಟ್ಟಿಯಿಂದ ನನ್ನ ಫೋನನ್ನು ಇಲಿಯ ಬಾಲ ಹಿಡಿದಂತೆ ಎತ್ತಿದಳು. "ಬೆಳಿಗ್ಗೆಯಿಂದ ವೇಗ ಅಳೀತಾ ಅಳೀತಾ ಇದ್ದ ವೇಗನೆಲ್ಲ ಕುಡಿದದ್ದು ಇದೇ ಅಲ್ಲಾಂಗ?"

ನಾನು ಫೋನನ್ನೂ ಭೌತಶಾಸ್ತ್ರವನ್ನೂ ಒಟ್ಟಿಗೆ ಬಿಸಿಲಿಗೆ ಒಣಹಾಕಿದೆ. ಪೊಂಗಲ್‌ಗೆ ಅತ್ತೆ ಬಂದರು. ಈಗ ಅವರಿಗೂ ಹಾವಿನ ಹುಚ್ಚು ಹತ್ತಿದೆ. ತಾಯಿ ಮಗಳು ಆಡಲು ಕೂರುವ ಮುನ್ನ ನಮ್ಮ ಮನೆಯಲ್ಲಿ ವೇಗ ಹೆಚ್ಚಿಸುವ ಕ್ರಮ ಒಂದೇ: ನನ್ನನ್ನು ತೋಟಕ್ಕೆ ಕಳಿಸುವುದು.